ಕಸ್ಟರ್ಡ್ ಪೈ: ಅಡುಗೆಮನೆಯಲ್ಲೊಂದು ಪ್ರಯೋಗ

ದ್ವಿತೀಯ ಪಿಯುಸಿ ರಸಾಯನಶಾಸ್ತ್ರದಲ್ಲಿ ಬಿಸಿಯಿಂದ ಪ್ರೋಟೀನಿನ ರಚನೆ ಬದಲಾಗುತ್ತದೆ ಎಂದು ಓದುತ್ತೇವೆ. ಆ ಪಾಠ ನನಗೆ ಸರಿಯಾಗಿ ಅರ್ಥವಾದದ್ದು ನಮ್ಮ ಮನೆಯ ಓವನ್ ಮುಂದೆ. ನೆಂಟರು ಬರುವ ಹೊತ್ತಾಯಿತೆಂದು ಉರಿಯನ್ನು 200 ಡಿಗ್ರಿಗೆ ಏರಿಸಿದ್ದೆ. ಪೈ ಕತ್ತರಿಸಿದಾಗ ಕಸ್ಟರ್ಡ್ ಒಡೆದು ನೀರು ಹರಿಯಿತು. "ಹಾಲು, ಹಣ್ಣು ಎರಡೂ ಹೋಯಿತಲ್ಲ ಮಗಳೇ" ಎಂದರು ಉಮ್ಮ.

ತಪ್ಪಾದದ್ದೆಲ್ಲಿ? ಬಿಸಿ ತಾಗಿದಾಗ ಮೊಟ್ಟೆಯ ಪ್ರೋಟೀನ್‌ಗಳು ಬಿಚ್ಚಿಕೊಂಡು, ಒಂದಕ್ಕೊಂದು ಹೆಣೆದುಕೊಂಡು ಬಲೆಯಾಗುತ್ತವೆ. ಹಾಲಿನ ನೀರು ಆ ಬಲೆಯೊಳಗೆ ನಿಲ್ಲುತ್ತದೆ. ಬಿಸಿ ಅತಿಯಾದರೆ ಬಲೆ ಬಿಗಿದು ನೀರನ್ನು ಹಿಂಡಿ ಹೊರಹಾಕುತ್ತದೆ. ಆದ್ದರಿಂದ ಕಸ್ಟರ್ಡ್‌ಗೆ ಹದವಾದ ಉರಿಯೇ ಬೇಕು. ಒಂದು ಚಮಚ ಕಾರ್ನ್‌ಫ್ಲೋರ್ ಸೇರಿಸಿದರೆ ಅದು ಬೇಗ ಒಡೆಯುವುದಿಲ್ಲ.

ಮಾಡುವ ವಿಧಾನ (8 ಇಂಚಿನ ತಟ್ಟೆಗೆ):

1. 150 ಗ್ರಾಂ ಮೈದಾ, ಚಿಟಿಕೆ ಉಪ್ಪು, 75 ಗ್ರಾಂ ತಣ್ಣನೆಯ ಬೆಣ್ಣೆಯನ್ನು ಬೆರಳ ತುದಿಯಲ್ಲಿ ಉದುರುದುರಾಗಿ ಬೆರೆಸಿ. 2–3 ಚಮಚ ತಣ್ಣೀರು ಹಾಕಿ ಕಲಸಿ. ಹೆಚ್ಚು ನಾದಬೇಡಿ, ಗ್ಲುಟೆನ್ ಬಲಿತು ಹಿಟ್ಟು ಗಟ್ಟಿಯಾಗುತ್ತದೆ. ಅರ್ಧ ಗಂಟೆ ಫ್ರಿಜ್‌ನಲ್ಲಿಡಿ.
2. ಲಟ್ಟಿಸಿ ತಟ್ಟೆಗೆ ಹಾಸಿ, ಫೋರ್ಕ್‌ನಿಂದ ಚುಚ್ಚಿ. ಮೇಲೆ ಬೇಕಿಂಗ್ ಪೇಪರ್, ಅದರ ಮೇಲೆ ಒಣ ಕಡಲೆ ಹರಡಿ, 180 ಡಿಗ್ರಿಯಲ್ಲಿ 15 ನಿಮಿಷ ಬೇಯಿಸಿ. ಕಡಲೆ ತೆಗೆದು ಇನ್ನೂ 8 ನಿಮಿಷ ಬೇಯಿಸಿದರೆ ತಳ ಮೆತ್ತಗಾಗದು.
3. 2 ಮೊಟ್ಟೆ, 75 ಗ್ರಾಂ ಸಕ್ಕರೆ, ಒಂದು ಚಮಚ ಕಾರ್ನ್‌ಫ್ಲೋರ್, 200 ಮಿ.ಲೀ. ಹಾಲು, 100 ಮಿ.ಲೀ. ಕ್ರೀಮ್, ಏಲಕ್ಕಿ ಪುಡಿ ಕಲಸಿ ಸೋಸಿ.
4. ಸೇಬು ಅಥವಾ ಗಟ್ಟಿ ಮಾವಿನ ಹೋಳುಗಳನ್ನು ಜೋಡಿಸಿ, ಮಿಶ್ರಣ ಸುರಿದು, 160 ಡಿಗ್ರಿಯಲ್ಲಿ ಸುಮಾರು 35–40 ನಿಮಿಷ ಬೇಯಿಸಿ. ಅಂಚು ಗಟ್ಟಿಯಾಗಿ ನಡುಭಾಗ ಸ್ವಲ್ಪ ನಡುಗುವಾಗಲೇ ಹೊರತೆಗೆಯಿರಿ. ಉಳಿದದ್ದನ್ನು ಒಳಗಿನ ಬಿಸಿಯೇ ಬೇಯಿಸುತ್ತದೆ.
5. ಆರಿದ ಮೇಲೆ 3 ಗಂಟೆ ಫ್ರಿಜ್‌ನಲ್ಲಿಟ್ಟು ಕತ್ತರಿಸಿ. ಹಾಲು, ಮೊಟ್ಟೆ ಇರುವುದರಿಂದ ಹೊರಗೆ ಬಹಳ ಹೊತ್ತು ಇಡಬೇಡಿ.

ಹಸಿ ಅನಾನಸ್ ಬೇಡ. ಅದರಲ್ಲಿರುವ ಬ್ರೊಮೆಲಿನ್ ಎಂಬ ಕಿಣ್ವ ಪ್ರೋಟೀನನ್ನು ತುಂಡರಿಸುತ್ತದೆ. ಕುದಿಸಿದರೆ ಆ ಕಿಣ್ವ ನಿಷ್ಕ್ರಿಯವಾಗುತ್ತದೆ.

ಮನೆಯಲ್ಲಿ ಯಾರಿಗಾದರೂ ಮೊಟ್ಟೆ ಒಗ್ಗದೇ? 1837ರಲ್ಲಿ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್‌ನ ಔಷಧ ವ್ಯಾಪಾರಿ ಆಲ್ಫ್ರೆಡ್ ಬರ್ಡ್, ಮೊಟ್ಟೆ ಒಗ್ಗದ ತನ್ನ ಪತ್ನಿಗಾಗಿಯೇ ಮೆಕ್ಕೆಜೋಳದ ಪಿಷ್ಟದಿಂದ ಕಸ್ಟರ್ಡ್ ತಯಾರಿಸಿದ. ಇಂದಿನ ಕಸ್ಟರ್ಡ್ ಪುಡಿಯ ಮೂಲ ಅದೇ. ಅದನ್ನು ಹಾಲಿನಲ್ಲಿ ಕುದಿಸಿ ದಪ್ಪವಾಗಿಸಿ, ಪೂರ್ತಿ ಬೆಂದ ಪೈ ತಳದಲ್ಲಿ ತುಂಬಿದರಾಯಿತು.

ಎರಡನೆಯ ಸಲ ನಾನು ಉರಿ ಏರಿಸಲಿಲ್ಲ, ಕಾದೆ. ಉಮ್ಮ ಎರಡು ತುಂಡು ತಿಂದರು.