ಇಂದಿನ ಧಮ್ಮಚಿಂತನೆ: ಗೆಳೆಯ ತೀರಿಕೊಂಡಾಗ


ಸಾರಿಪುತ್ತರು ತೀರಿಕೊಂಡಾಗ ಚುಂದ ಸಾಮಣೇರರು ಅವರ ಭಿಕ್ಷಾಪಾತ್ರೆ, ಚೀವರ ಹಿಡಿದು ಸಾವತ್ಥಿಗೆ ಬಂದರು. ಆಪ್ತಗೆಳೆಯನ ಸುದ್ದಿ ಕೇಳಿದ ಆನಂದರಿಗೆ ದಿಕ್ಕು ತೋಚಲಿಲ್ಲ. ಕಲಿತ ಧಮ್ಮವೂ ಹೊಳೆಯಲಿಲ್ಲ. ಬುದ್ಧರ ಮುಂದೆ ಅದನ್ನು ಮುಚ್ಚಿಡಲೂ ಇಲ್ಲ. ಸಾರಿಪುತ್ತ ಹೋಗುವಾಗ ನಿನ್ನ ಶೀಲ, ಸಮಾಧಿ, ಪ್ರಜ್ಞೆಯನ್ನೂ ಕೊಂಡೊಯ್ದನೇ ಎಂದು ಬುದ್ಧರು ಕೇಳಿದರು. ಇಲ್ಲವೆಂದ ಆನಂದರು, ಗೆಳೆಯ ದಣಿಯದೆ ಬೋಧಿಸಿದ್ದನ್ನು ನೆನೆದರು.

ಮುಂದೆ ಮೊಗ್ಗಲ್ಲಾನರೂ ಹೋದ ಮೇಲೆ, ಸಭೆಯೇ ಬರಿದಾಗಿ ಕಾಣುತ್ತಿದೆ ಎಂದವರು ಸ್ವತಃ ಬುದ್ಧರು!

1956ರಲ್ಲಿ ನಾಗಪುರದಲ್ಲಿ ಬಾಬಾಸಾಹೇಬರು ಕೊಟ್ಟ 22 ಪ್ರತಿಜ್ಞೆಗಳಲ್ಲಿ ಶ್ರಾದ್ಧ, ಪಿಂಡ ಬೇಡವೆಂದಿದೆ. ಅಳಬೇಡಿ ಎಂದಿಲ್ಲ. ತಿಥಿ ಮಾಡದವರು ಸತ್ತವರನ್ನು ಮರೆತರು ಅಂತ ಊರವರು ಆಡಿಕೊಳ್ಳಲಿ ಬಿಡಿ.

ಗೆಳೆಯನ ತಾಯಿ ಇದ್ದರೆ ಹೋಗಿ ಮಾತಾಡಿಸಿ. ಅವನು ನಿಮಗೆ ಕಲಿಸಿದ್ದು ಏನಾದರೂ ಒಂದು ಹೇಳಿ. ಅವರಿಗೆ ಅದು ಗೊತ್ತಿರಲಿಕ್ಕಿಲ್ಲ.