ದೈತ್ಯರು ಯಾರ ಮಕ್ಕಳು?

ಪಂಚಮಿಯ ದಿನ ನಾಗಪ್ಪನಿಗೆ ಹಾಲು ಎರೆಯುವಾಗ ನಮ್ಮ ಆಯಿ ಒಬ್ಬೊಬ್ಬರ ಹೆಸರು ಹಿಡಿದು ಪಾಲು ಹೇಳುತ್ತಾಳೆ. ಅಪ್ಪನ ಪಾಲು, ಅವ್ವನ ಪಾಲು, ಅಣ್ಣನ ಪಾಲು ಅಂತ. ನಿಮ್ಮ ಮನೆಯಲ್ಲೂ ಹೀಗೇ ಇರಬೇಕು. (ಹಾವು ಹಾಲು ಕುಡಿಯುವುದಿಲ್ಲ ಎಂದು ವಿಜ್ಞಾನದ ಗುರುಗಳು ಹೇಳಿದ್ದು ನನಗೆ ನೆನಪಿದೆ. ನಾವು ಎರೆಯುವುದು ಕಲ್ಲಿನ ನಾಗಪ್ಪನಿಗೆ.) ಈ ಸಲ ನಾನು ಸುಮ್ಮನಿರದೆ, "ಆಯಿ, ನಮ್ಮ ಬಳಗ ಎಲ್ಲಾ ಹೇಳ್ತಿ, ಈ ನಾಗಪ್ಪಗ ಬಳಗ ಇಲ್ಲೇನು?" ಎಂದು ಕೇಳಿದೆ.

"ಯಾಕಿಲ್ಲೋ? ಗರುಡ ಅವನ ಚಿಗವ್ವನ ಮಗ. ಮನಿತುಂಬ ಬಳಗ ಐತಿ, ಅದಕ್ಕ ಅಷ್ಟು ಜಗಳ" ಎಂದಳು.

ಹಾವನ್ನು ತಿನ್ನುವ ಗರುಡ ಹಾವಿಗೆ ತಮ್ಮನೇ? ನನಗೆ ನಂಬಿಕೆಯಾಗಲಿಲ್ಲ. ಕನ್ನಡ ಗುರುಗಳನ್ನು ಕೇಳಿ, ಶಾಲೆಯ ಕಪಾಟಿನಲ್ಲಿದ್ದ ಮಹಾಭಾರತದ ಆದಿಪರ್ವ ತೆಗೆದು ಓದಿದೆ. ಆಯಿ ಹೇಳಿದ್ದು ಖರೇ.

ಮೊದಲು ಹೆಸರುಗಳನ್ನು ನೋಡೋಣ. ದೈತ್ಯ ಅಂದ್ರ ದೊಡ್ಡ ಹಲ್ಲಿನವನು, ಕೋಡಿನವನು ಅಂತ ನಾನು ತಿಳಿದಿದ್ದೆ. ಅದು ತಪ್ಪು. ದಿತಿಯ ಮಕ್ಕಳು ದೈತ್ಯರು, ಅಷ್ಟೇ. ದನುವಿನ ಮಕ್ಕಳು ದಾನವರು. ಅದಿತಿಯ ಮಕ್ಕಳು ಆದಿತ್ಯರು. ಇಂದ್ರ, ವರುಣ, ಸೂರ್ಯ ಎಲ್ಲರೂ ಇವರಲ್ಲೇ ಬರುತ್ತಾರೆ. ವಿನತೆಯ ಮಗ ವೈನತೇಯ, ಅಂದರೆ ಗರುಡ. ಕದ್ರುವಿನ ಮಕ್ಕಳು ಕಾದ್ರವೇಯರು, ಅಂದರೆ ನಾಗರು. ಎಲ್ಲವೂ ತಾಯಿಯ ಹೆಸರು! ಯಾಕಂದ್ರ ಎಲ್ಲರಿಗೂ ತಂದೆ ಒಬ್ಬನೇ, ಕಶ್ಯಪ ಋಷಿ. ತಂದೆಯ ಹೆಸರು ಹೇಳಿದರೆ ಇವನು ಯಾವನು ಎಂದು ಗೊತ್ತಾಗುವುದೇ ಇಲ್ಲ. ಈ ತಾಯಂದಿರಾದರೂ ಬೇರೆಯವರೇ? ಅಲ್ಲ, ದಕ್ಷನ ಮಕ್ಕಳು, ಅಕ್ಕತಂಗಿಯರು. ದಕ್ಷನು 13 ಜನ ಹೆಣ್ಣುಮಕ್ಕಳನ್ನು ಕಶ್ಯಪನಿಗೆ ಕೊಟ್ಟನೆಂದು ಭಾರತದಲ್ಲಿದೆ. ದೇವರು ಮತ್ತು ದೈತ್ಯರು ಒಂದೇ ಮನೆಯ ಹುಡುಗರು.

ಕದ್ರು ವಿನತೆಯರ ಕಥೆ ಬಹಳ ಕೆಟ್ಟದ್ದಾಗಿದೆ, ಆದರೂ ಹೇಳುತ್ತೇನೆ. ಕದ್ರು ಗಂಡನ ಹತ್ತಿರ ಸಾವಿರ ನಾಗರನ್ನು ಬೇಡಿದಳು. ವಿನತೆ ಎರಡೇ ಮಕ್ಕಳನ್ನು, ಆದರೆ ಅವರಿಗಿಂತ ಬಲವಾದವರನ್ನು ಬೇಡಿದಳು. 500 ವರ್ಷಕ್ಕೆ ಕದ್ರುವಿನ ತತ್ತಿಗಳು ಒಡೆದವು. ತನ್ನವು ಒಡೆಯಲಿಲ್ಲವಲ್ಲ ಎಂದು ವಿನತೆ ಅವಸರದಿಂದ ಒಂದನ್ನು ತಾನೇ ಒಡೆದಳು. ಒಳಗೆ ಅರ್ಧ ಮೈ ಮಾತ್ರ ಬೆಳೆದ ಅರುಣ. "ಅಕ್ಕನ ಮೇಲಿನ ಹೊಟ್ಟೆಕಿಚ್ಚಿಗೆ ನನ್ನನ್ನು ಹೀಗೆ ಮಾಡಿದಿ, ಅವಳಿಗೇ ದಾಸಿಯಾಗು" ಎನ್ನುವ ಅರ್ಥದಲ್ಲಿ ತಾಯಿಗೆ ಶಾಪ ಕೊಟ್ಟು ಸೂರ್ಯನ ಸಾರಥಿಯಾದನು.

ಮುಂದೆ ಉಚ್ಚೈಶ್ರವಸ್ಸು ಎಂಬ ಕುದುರೆಯ ಬಾಲದ ಬಣ್ಣದ ಮೇಲೆ ಅಕ್ಕತಂಗಿಯರು ಪಣ ಕಟ್ಟಿದರು. ಸೋತವಳು ದಾಸಿ. ಬಾಲ ಬಿಳಿಯದು. ಕದ್ರು ಮಕ್ಕಳಿಗೆ, ಕರಿ ಕೂದಲಾಗಿ ಬಾಲಕ್ಕೆ ಜೋತುಬೀಳಿರಿ ಎಂದಳು. ಮೋಸ ಮಾಡುವುದಿಲ್ಲ ಎಂದ ಮಕ್ಕಳಿಗೆ, ಜನಮೇಜಯನ ಯಾಗದಲ್ಲಿ ಸುಟ್ಟುಹೋಗಿರಿ ಎಂದು ಹೆತ್ತವಳೇ ಶಾಪ ಕೊಟ್ಟಳು! ವಿನತೆ ಸೋತಳು. ಎರಡನೇ ತತ್ತಿಯಿಂದ ಬಂದ ಗರುಡ ತಾಯಿಯನ್ನು ಬಿಡಿಸಲು ಸ್ವರ್ಗದಿಂದ ಅಮೃತ ತಂದು ದರ್ಭೆಯ ಮೇಲೆ ಇಟ್ಟ. ನಾಗರು ಸ್ನಾನಕ್ಕೆ ಹೋದಾಗ ಇಂದ್ರ ಅದನ್ನು ಒಯ್ದುಬಿಟ್ಟ. ಅವರು ಬರೀ ದರ್ಭೆ ನೆಕ್ಕಿ ನಾಲಿಗೆ ಸೀಳಿಕೊಂಡರು.

ಕದ್ರುವಿನ ಹಿರೇಮಗ ಶೇಷ ಮಾತ್ರ ಈ ಜಗಳ ಸಾಕೆಂದು ಮನೆ ಬಿಟ್ಟು ತಪಸ್ಸಿಗೆ ಹೋದ. ಗರುಡನೂ ನಮ್ಮ ತಮ್ಮನೇ, ಇವರಿಗೆ ಅದು ತಿಳಿಯದು ಎಂದು ಬ್ರಹ್ಮನ ಮುಂದೆ ಹೇಳಿಕೊಂಡ. ವಿಷ್ಣುವಿನ ಹಾಸಿಗೆ ಶೇಷ, ವಾಹನ ಗರುಡ. ಆ ಇಬ್ಬರು ಒಂದೇ ಮನೆಯಲ್ಲಿ ಇದ್ದಾರೆ ನೋಡಿರಿ. ಮುಂದೆ ಸರ್ಪಯಾಗ ನಡೆದಾಗ ಅದನ್ನು ನಿಲ್ಲಿಸಿದವನು ಆಸ್ತೀಕ. ಅವನು ವಾಸುಕಿಯ ತಂಗಿಯ ಮಗ, ಅಂದರೆ ಅಳಿಯ ಬಂದು ಸೋದರಮಾವಂದಿರನ್ನು ಉಳಿಸಿದ.

ಇನ್ನೊಂದು ಲೆಕ್ಕ ಹಾಕಿ ನನಗೇ ನಗು ಬಂತು. ಬಲಿಯ ಅಪ್ಪ ವಿರೋಚನ, ಅಜ್ಜ ಪ್ರಹ್ಲಾದ, ಮುತ್ತಜ್ಜ ಹಿರಣ್ಯಕಶಿಪು. ಹಿರಣ್ಯಕಶಿಪುವಿನ ತಂದೆ ಕಶ್ಯಪ, ತಾಯಿ ದಿತಿ. ವಾಮನನ ತಂದೆಯೂ ಕಶ್ಯಪ, ತಾಯಿ ಅದಿತಿ. ಹಾಗಾದರೆ ಕೊಡೆ ಹಿಡಿದು ಮೂರು ಹೆಜ್ಜೆ ಭೂಮಿ ಕೇಳಿದ ಆ ಗಿಡ್ಡ ಹುಡುಗ ವರಸೆಯಲ್ಲಿ ಬಲಿಗೆ ಮುತ್ತಜ್ಜ! ಬದಾಮಿಯ ಮೂರನೇ ಗುಹೆಯಲ್ಲಿ ತ್ರಿವಿಕ್ರಮ ಕಾಲೆತ್ತಿದ ದೊಡ್ಡ ಮೂರ್ತಿಯಿದೆ. ಆ ಗುಹೆಯ ಶಾಸನ 578ನೇ ಇಸವಿಯದು. ಪ್ರವಾಸಕ್ಕೆ ಹೋದವರು ಈ ವರಸೆ ನೆನಪಿಟ್ಟು ನೋಡಿರಿ. ರಾವಣ ಕುಬೇರರೂ ಹೀಗೇ. ವಿಶ್ರವಸ್ಸಿನ ಮಕ್ಕಳು, ತಾಯಿ ಬೇರೆ. ಲಂಕೆ ಮೊದಲು ಕುಬೇರನದು, ಪುಷ್ಪಕವೂ ಅವನದೇ.

ನಮ್ಮಲ್ಲಿ ಮಾತ್ರ ಹೀಗೋ ಎಂದರೆ ಗ್ರೀಕರಲ್ಲೂ ಇದೇ ಗತಿ. ಸುಮಾರು 2700 ವರ್ಷಗಳ ಹಿಂದೆ ಹೆಸಿಯಡ್ ಎಂಬ ಕವಿ ಅವರ ದೇವರ ವಂಶಾವಳಿಯನ್ನೇ ಕಾವ್ಯವಾಗಿ ಬರೆದ. ಗಾಯಾ ಅಂದರೆ ಭೂಮಿ, ಯುರೇನಸ್ ಅಂದರೆ ಆಕಾಶ. ಇವರಿಗೆ ಹನ್ನೆರಡು ಟೈಟನ್‌ರು, ಒಂದೇ ಕಣ್ಣಿನ ಮೂವರು, ನೂರು ಕೈಯ ಮೂವರು. ಟೈಟನ್‌ರಲ್ಲಿ ಕಿರಿಯವನಾದ ಕ್ರೋನಸ್ ತಂದೆಯನ್ನು ಕಡಿದ, ತನ್ನ ಮಕ್ಕಳನ್ನು ನುಂಗಿದ. ಉಳಿದ ಮಗ ಜ್ಯೂಸ್ ದೇವರ ರಾಜನಾದ. ಅವನ ಕೈಗೆ ಸಿಡಿಲು ಕೊಟ್ಟವರು ಆ ಒಂದೇ ಕಣ್ಣಿನವರು, ಅಂದರೆ ಅಪ್ಪನ ಒಡಹುಟ್ಟಿದವರು. ಕೊನೆಗೆ ಅವನ ಮೇಲೆ ಬಂದ ಭಯಂಕರ ಟೈಫನ್ ಕೂಡ ಅವನ ಅಜ್ಜಿ ಗಾಯಾಳ ಮಗನೇ.

ಇಷ್ಟೆಲ್ಲ ಓದಿದ ಮೇಲೆ ನನಗೆ ಅನಿಸಿದ್ದು, ಈ ಜಗಳಗಳೆಲ್ಲ ಪಾಲಿನ ಜಗಳ. ಸ್ವರ್ಗದ ಪಾಲು, ಲಂಕೆಯ ಪಾಲು, ಅಮೃತದ ಪಾಲು. ಸಮುದ್ರ ಕಡೆಯುವಾಗ ಹಗ್ಗವಾದ ವಾಸುಕಿಯೂ ಕಶ್ಯಪನ ಮಗನೇ. ಎರಡೂ ಕಡೆ ಎಳೆದವರು ಅವನ ಅಣ್ಣತಮ್ಮಂದಿರು. ಹಂಚುವ ಹೊತ್ತಿಗೆ ದೈತ್ಯರಿಗೆ ಹನಿ ಸಿಗಲಿಲ್ಲ. ನನ್ನ ಮಟ್ಟಿಗೆ ಅದು ಅನ್ಯಾಯ. ಗುರುಗಳು ಒಪ್ಪಲಿಕ್ಕಿಲ್ಲ.

ನಮ್ಮ ಹೊಲದ ಹಂಚಿಕೆಯಾಗಿ ಎರಡು ವರ್ಷವಾಯಿತು. ಅಂದಿನಿಂದ ಕಾಕಾನ ಮನೆಗೂ ನಮಗೂ ಮಾತಿಲ್ಲ. ಈ ಪಂಚಮಿಗೆ ಆಯಿ ಎಲ್ಲರ ಪಾಲು ಮುಗಿಸಿ, ಕೊನೆಗೆ ಕಾಕಾನ ಪಾಲು, ಚಿಗವ್ವನ ಪಾಲು ಎಂದು ಹಾಲು ಎರೆದಳು. ಅಪ್ಪ ಹಿಂದೆ ನಿಂತಿದ್ದ, ಏನೂ ಅನ್ನಲಿಲ್ಲ. ಮಧ್ಯಾಹ್ನ ಆಯಿ ಶೇಂಗಾ ಉಂಡಿಯ ಡಬ್ಬಿಯನ್ನು ನನ್ನ ಕೈಗಿಟ್ಟು ಅವರ ಮನೆಗೆ ಕಳಿಸಿದಳು. ಚಿಗವ್ವ ಇಸಿದುಕೊಂಡಳು. ಖಾಲಿ ಡಬ್ಬಿ ಕೊಡಬಾರದು, ನಾಳೆ ತುಂಬಿಸಿ ಕೊಡ್ತೀನಿ ಅಂದಳು. ಡಬ್ಬಿ ಇನ್ನೂ ಅಲ್ಲೇ ಇದೆ.