ಗದ್ದೆಯ ಬದುವಿನ ಕಲ್ಲನ್ನು ಓದುವುದು ಹೇಗೆ? – ಶಿಕಾರಿಪುರ ತಾಲ್ಲೂಕಿನ ಶಾಸನಗಳು



ನಿಮ್ಮ ಜಮೀನಿಗೆ ಪಹಣಿ ಉಂಟು, ಖಾತೆ ಉಂಟು. ಅವನ್ನು ಹರಿದು ಒಲೆಗೆ ಹಾಕಿರೆಂದು ಯಾರಾದರೂ ಹೇಳಿದರೆ ನೀವು ಸುಮ್ಮನಿರುವಿರಾ? ಹಾಗಿದ್ದರೂ ನಮ್ಮ ಕಡೆಯ ಹಳ್ಳಿಗಳಲ್ಲಿ ಅಂಥವೇ ದಾಖಲೆಗಳು ಬಟ್ಟೆ ಒಗೆಯುವ ಕಲ್ಲಾಗಿ, ಕಾಲುವೆಗೆ ಅಡ್ಡ ಹಾಸಿದ ಚಪ್ಪಡಿಯಾಗಿ ಸವೆದು ಹೋಗುತ್ತಿವೆ. ಇವು ಕಾಗದದ ಮೇಲೆ ಬರೆದ ದಾಖಲೆಗಳಲ್ಲ, ಕಲ್ಲಿನ ಮೇಲೆ ಕೊರೆದವು. ಇವನ್ನೇ ಶಾಸನಗಳೆಂದು ಕರೆಯುವರು.

ಮೊದಲು ಮಳವಳ್ಳಿಯ ಕಂಬವನ್ನು ನೋಡೋಣ. ಮಂಡ್ಯ ಜಿಲ್ಲೆಯ ಮಳವಳ್ಳಿಯಲ್ಲ, ನಮ್ಮ ಶಿಕಾರಿಪುರ ತಾಲ್ಲೂಕಿನ ಮಳವಳ್ಳಿ. ಆ ಒಂದೇ ಕಂಬದ ಮೇಲೆ ಎರಡು ಬರಹಗಳಿವೆ. ಎರಡರ ಭಾಷೆಯೂ ಪ್ರಾಕೃತ. ಶಾತಕರ್ಣಿ ಎಂಬ ಅರಸನು ದೇವರ ಸೇವೆಗೆಂದು ದತ್ತಿ ಬಿಟ್ಟುದನ್ನು ಮೊದಲನೆಯದು ಹೇಳುತ್ತದೆ. ಕಾಲಾಂತರದಲ್ಲಿ ಆ ದತ್ತಿ ನಿಂತುಹೋಯಿತು. ಅನಂತರ ಬಂದ ಕದಂಬ ಅರಸನು ಈ ಸಂಗತಿಯನ್ನು ತಿಳಿದು ದತ್ತಿಯನ್ನು ಎರಡನೆಯ ಸಲ ಬಿಟ್ಟನು. ಅದೇ ಕಂಬದ ಮೇಲೆ ತನ್ನ ಅಪ್ಪಣೆಯನ್ನೂ ಕೊರೆಯಿಸಿದನು. ಇಂದಿನ ಮಾತಿನಲ್ಲಿ ಹೇಳುವುದಾದರೆ, ಹಳೆಯ ದಾಖಲೆಯನ್ನು ನೋಡಿ ಹೊಸ ಹುಕುಂ ಹೊರಡಿಸಿದ ಹಾಗಾಯಿತು. ಕಂಬವನ್ನು ಆ ನಡುವೆ ಯಾರಾದರೂ ಒಡೆದು ತಳಪಾಯಕ್ಕೆ ಹಾಕಿಕೊಂಡಿದ್ದರೆ ಈ ಸಂಗತಿ ನಮಗೆ ತಿಳಿಯುತ್ತಲೇ ಇರಲಿಲ್ಲ.

ಶಿರಾಳಕೊಪ್ಪದ ಹತ್ತಿರ ತಾಳಗುಂದವಿದೆ. ಅಲ್ಲಿಯ ಪ್ರಣವೇಶ್ವರ ಗುಡಿಯ ಮುಂದೆ ಎಂಟು ಮುಖದ ಕಂಬವೊಂದು ನಿಂತಿದೆ. ಐದನೆಯ ಶತಮಾನದ್ದು. ಅದರ ಸಾಲುಗಳು ಅಡ್ಡವಾಗಿ ಹೋಗುವುದಿಲ್ಲ, ಕೆಳಗಿನಿಂದ ಮೇಲಕ್ಕೆ ಏರುತ್ತವೆ. ವೇದವನ್ನು ಕಲಿಯಲು ಅಜ್ಜ ವೀರಶರ್ಮನೊಡನೆ ಕಂಚಿಗೆ ಹೋದ ಮಯೂರಶರ್ಮನು, ಅಲ್ಲಿ ಪಲ್ಲವರ ರಾವುತನೊಬ್ಬನೊಡನೆ ಜಗಳವಾಗಿ, ದರ್ಭೆ ಹಿಡಿದ ಕೈಯಲ್ಲಿ ಕತ್ತಿ ಹಿಡಿದು ಕದಂಬ ರಾಜ್ಯವನ್ನು ಕಟ್ಟಿದ ಕಥೆ ನಮಗೆ ದೊರೆತದ್ದು ಈ ಕಂಬದಿಂದಲೇ. ಶಾಲೆಯ ಮಕ್ಕಳಿಗೆಲ್ಲ ಈ ಕಥೆ ಗೊತ್ತು. ಆದರೆ ಕಂಬವನ್ನು ನೆಟ್ಟ ಸಂದರ್ಭ ಯಾವುದೆಂಬುದನ್ನು ಹೆಚ್ಚು ಜನ ಕೇಳಿಲ್ಲ. ಅದು ಒಂದು ಕೆರೆ! ಮಯೂರಶರ್ಮನ ವಂಶದ ಕಾಕುಸ್ಥವರ್ಮನು ಇಲ್ಲಿಯ ಶಿವನ ಗುಡಿಗೆ ದೊಡ್ಡ ಕೆರೆಯನ್ನು ತೋಡಿಸಿದನು. ಅವನ ಮಗ ಶಾಂತಿವರ್ಮನು ಅದರ ನೆನಪಿಗೆ ಕುಬ್ಜನೆಂಬ ಕವಿಯಿಂದ ೩೪ ಸಂಸ್ಕೃತ ಪದ್ಯಗಳನ್ನು ಬರೆಯಿಸಿದನು. ಅರಸರ ಯುದ್ಧದ ಕಥೆ ನಮಗೆ ಉಳಿದು ಬಂದುದು ಕೆರೆಯ ಕೆಲಸವೊಂದರ ನೆಪದಿಂದ. ರೈತರಾದ ನಾವು ಈ ಮಾತನ್ನು ಸ್ವಲ್ಪ ಗಟ್ಟಿಯಾಗಿಯೇ ಹೇಳಬಹುದು.

ಇನ್ನು ಬಳ್ಳಿಗಾವೆ. ಬನವಾಸಿ ಹನ್ನೆರಡು ಸಾವಿರ ಎಂಬ ನಾಡಿಗೆ ಇದು ರಾಜಧಾನಿಯಾಗಿತ್ತು. ಬೇಲೂರಿನ ಗುಡಿಯಲ್ಲಿ ಶಿಲ್ಪಗಳ ಕೆಳಗೆ ಹೆಸರು ಕೊರೆದಿರುವ ದಾಸೋಜ ಈ ಊರಿನವನು. ಮೂರು ಗರ್ಭಗುಡಿಗಳ ಕೇದಾರೇಶ್ವರ, ಪಂಚತಂತ್ರದ ಕಥೆಗಳನ್ನು ಕೆತ್ತಿರುವ ತ್ರಿಪುರಾಂತಕ – ಇವನ್ನು ನೀವು ಹೋಗಿಯೇ ನೋಡಬೇಕು. ಅಲ್ಲಿಯ ಕೋಡಿಮಠದ ವಿಚಾರವನ್ನು ೧೧೬೨ರ ಶಾಸನವು ಹೇಳುತ್ತದೆ: ವೇದ, ವ್ಯಾಕರಣಗಳನ್ನು ಕಲಿಸುವ ಜೊತೆಗೆ ಕುರುಡರು, ಕುಂಟರು, ದಿಕ್ಕಿಲ್ಲದವರಿಗೆ ಅಲ್ಲಿ ಅನ್ನ ದೊರೆಯುತ್ತಿತ್ತು, ರೋಗಿಗಳಿಗೆ ಔಷಧೋಪಚಾರವೂ ಇತ್ತು. ಚಾವುಂಡರಾಯನೆಂಬ ಅಧಿಕಾರಿಯು ೧೦೪೭ರಲ್ಲಿ ನಿಲ್ಲಿಸಿದ ಗಂಡಭೇರುಂಡದ ಕಂಬವೂ ಈ ಊರಿನಲ್ಲಿದೆ. ಜಮೀನು ಅಳೆಯುವ ಕೋಲಿಗೆ ‘ಭೇರುಂಡ ಗಳೆ’ ಎಂಬ ಹೆಸರು ಇಲ್ಲಿಯ ಶಾಸನಗಳಲ್ಲಿ ಬರುತ್ತದೆ. ಸರ್ವೆ ಇಲಾಖೆಯ ಸರಪಳಿಗೆ ಇದೇ ಹಿರಿಯಣ್ಣ ಎನ್ನೋಣ.

ಇವು ಹೆಸರಾದ ಕಲ್ಲುಗಳು, ನೋಡಿಕೊಳ್ಳುವವರಿದ್ದಾರೆ. ನಾನು ಮುಖ್ಯವಾಗಿ ಹೇಳಬೇಕೆಂದಿರುವುದು ನಿಮ್ಮ ಗದ್ದೆಯ ಬದುವಿನಲ್ಲಿ, ಕೆರೆಯ ಏರಿಯ ಮೇಲೆ, ಮಾರಿಗುಡಿಯ ಹಿಂದೆ ಮಣ್ಣಿನಲ್ಲಿ ಅರ್ಧ ಹುದುಗಿರುವ ಕಲ್ಲುಗಳನ್ನು ಕುರಿತು. ಇವನ್ನು ಗುರುತಿಸುವುದು ಕಷ್ಟವಲ್ಲ. ಕಲ್ಲನ್ನು ಎರಡು ಮೂರು ಪಟ್ಟಿಗಳಾಗಿ ವಿಂಗಡಿಸಿದ್ದರೆ ಅದು ವೀರಗಲ್ಲು. ಕೆಳಗಿನಿಂದ ಓದಬೇಕು. ಕೆಳಗೆ ಕಾಳಗ, ದನಗಳ ಸಾಲು ಕಂಡರೆ ತುರು ಬಿಡಿಸುವಾಗ ಮಡಿದವನೆಂದು ತಿಳಿಯಿರಿ. ನಡುವೆ ಅವನನ್ನು ಅಪ್ಸರೆಯರು ಕರೆದೊಯ್ಯುವರು. ಮೇಲೆ ಅವನು ಲಿಂಗದ ಮುಂದೆ ಕುಳಿತಿರುವನು. ಪಟ್ಟಿಗಳ ನಡುವಣ ಏಣಿನ ಮೇಲೆ ಬರಹವಿರುತ್ತದೆ; ಅದನ್ನೇ ಸಾಮಾನ್ಯವಾಗಿ ಗಮನಿಸದೆ ಬಿಡುತ್ತೇವೆ. ಅಂಥ ವೀರನ ಮನೆಯವರಿಗೆ ಬಿಟ್ಟ ಭೂಮಿಗೆ ನೆತ್ತರುಗೊಡಗಿ ಎಂದೂ, ಕೆರೆಯ ಕೆಲಸಕ್ಕಾಗಿ ಬಿಟ್ಟ ಭೂಮಿಗೆ ಕೆರೆಗೊಡಗಿ ಎಂದೂ ಹೆಸರು. ಬಳೆ ತೊಟ್ಟ ಒಂದು ಕೈ ಮೇಲೆತ್ತಿರುವಂತೆ ಇದ್ದರೆ ಅದು ಮಾಸ್ತಿಕಲ್ಲು.

ತಲೆಯ ಮೇಲೆ ಸೂರ್ಯ, ಚಂದ್ರ, ಹಸು, ಕರು ಇದ್ದು ಕೆಳಗೆ ತುಂಬ ಬರಹವಿದ್ದರೆ ಅದು ದಾನಶಾಸನ. ಇಲ್ಲೇ ದೊಡ್ಡ ಅಪಾಯವಿರುವುದು. ಸೂರ್ಯಚಂದ್ರರ ಗುರುತಿದ್ದರೆ ಅಡಿಯಲ್ಲಿ ನಿಧಿ ಇದೆಯೆಂದು ನಂಬಿ ಅಮಾವಾಸ್ಯೆಯ ರಾತ್ರಿ ಗುದ್ದಲಿ ಹಿಡಿದು ಬರುವವರು ಇಂದಿಗೂ ಇದ್ದಾರೆ. ಆ ಗುರುತಿಗೆ ಅರ್ಥ ಒಂದೇ: ಸೂರ್ಯಚಂದ್ರರು ಇರುವವರೆಗೆ ಈ ದಾನ ನಡೆಯಲಿ. ನಿಧಿಗೂ ಅದಕ್ಕೂ ಸಂಬಂಧವಿಲ್ಲ. ಅಗೆದವನಿಗೆ ಮಣ್ಣು, ಊರಿಗೆ ಒಡೆದ ಕಲ್ಲು. ಸಂರಕ್ಷಿತ ಸ್ಮಾರಕಕ್ಕೆ ಹಾನಿ ಮಾಡಿದರೆ ೧೯೫೮ರ ಕೇಂದ್ರ ಕಾಯಿದೆಯ ಮೇರೆಗೆ, ೨೦೧೦ರ ತಿದ್ದುಪಡಿಯಾದ ಮೇಲೆ, ಎರಡು ವರ್ಷದವರೆಗೆ ಸೆರೆ ಅಥವಾ ಒಂದು ಲಕ್ಷ ರೂಪಾಯಿಯವರೆಗೆ ದಂಡ, ಇಲ್ಲವೆ ಎರಡೂ ಉಂಟು.

ಕೆಡುಕರಷ್ಟೇ ಅಲ್ಲ, ಭಕ್ತರೂ ಕಲ್ಲನ್ನು ಕೆಡಿಸುತ್ತಾರೆ. ಸುಣ್ಣ, ಬಣ್ಣ, ಎಣ್ಣೆ ಬಳಿದರೆ ಅಕ್ಷರದ ಗೆರೆ ತುಂಬಿಹೋಗುತ್ತದೆ. ಅಕ್ಷರ ಕಾಣಲೆಂದು ಉಳಿಯಿಂದ ಕೆರೆದರಂತೂ ಮುಗಿಯಿತು. ನೀರು ಮತ್ತು ಮೆದುವಾದ ಕುಂಚ ಸಾಕು. ಗದ್ದೆಯನ್ನು ಸಮ ಮಾಡಿಸುವಾಗ ಜೆ.ಸಿ.ಬಿ. ಯಂತ್ರದವನಿಗೆ ಕಲ್ಲನ್ನು ಮೊದಲೇ ತೋರಿಸಿಡಿ. ಕಲ್ಲು ಎಲ್ಲಿತ್ತೋ ಅಲ್ಲೇ ಇರಲಿ. ದಾನದ ಗದ್ದೆಯ ಎಲ್ಲೆಯನ್ನು ಹೇಳುವ ಕಲ್ಲನ್ನು ಊರ ಬಾಗಿಲಿಗೆ ತಂದು ನಿಲ್ಲಿಸಿದರೆ ಅದು ಯಾವ ಗದ್ದೆಯ ಮಾತು ಹೇಳುತ್ತಿದೆಯೆಂದು ಯಾರಿಗೆ ಗೊತ್ತಾದೀತು?

ಈ ಸುಗ್ಗಿ ಮುಗಿದ ಮೇಲೆ ಒಂದು ಕೆಲಸ ಮಾಡಿ. ಬಿ. ಎಲ್. ರೈಸ್ ಅವರು ೧೯೦೨ರಲ್ಲಿ ಹೊರತಂದ ‘ಎಪಿಗ್ರಾಫಿಯ ಕರ್ನಾಟಿಕ’ದ ೭ನೆಯ ಸಂಪುಟದಲ್ಲಿ ಶಿಕಾರಿಪುರ ತಾಲ್ಲೂಕಿನ ಶಾಸನಗಳನ್ನು, ಅವು ಇದ್ದ ಊರುಗಳ ಹೆಸರಿನೊಡನೆ ಅಚ್ಚು ಹಾಕಿದ್ದಾರೆ. ಶಾಲೆಯ ಮೇಷ್ಟರ ನೆರವಿನಿಂದ ಅದರಲ್ಲಿ ನಿಮ್ಮ ಊರಿನ ಹೆಸರನ್ನು ಹುಡುಕಿ. ಆಮೇಲೆ ಬೆಳಗಿನ ಅಥವಾ ಸಂಜೆಯ ಓರೆ ಬಿಸಿಲಿನಲ್ಲಿ ಕಲ್ಲುಗಳನ್ನು ನೋಡಿ ಬನ್ನಿ. ಆ ಹೊತ್ತಿಗೆ ಸವೆದ ಅಕ್ಷರವೂ ಎದ್ದು ಕಾಣುತ್ತದೆ. ಪುಸ್ತಕದಲ್ಲಿಲ್ಲದ ಕಲ್ಲು ಸಿಕ್ಕಿದರೆ ಚಿತ್ರ ತೆಗೆದು, ಸರ್ವೆ ನಂಬರು ಬರೆದು, ಪಂಚಾಯಿತಿಯ ಮೂಲಕ ಪುರಾತತ್ವ ಇಲಾಖೆಗೆ ತಿಳಿಸಿ. ಪುಸ್ತಕದಲ್ಲಿದ್ದ ಕಲ್ಲು ಊರಿನಲ್ಲಿ ಕಾಣದಿದ್ದರೆ ಹಿರಿಯರನ್ನು ಕೇಳಿ, ಹಳೆಯ ಕಾಲುವೆಯ ಚಪ್ಪಡಿಗಳನ್ನು ಒಮ್ಮೆ ಮಗುಚಿ ನೋಡಿ.